ವಿದುರನ ಪಾತ್ರಕ್ಕೂ ಬೆಲೆ ಬರಲಿ

ನಂಜನಗೂಡು ಮತ್ತು ತಿ. ನರಸೀಪುರದ ಸೀಮೆಯಲ್ಲಿ ಸುಗ್ಗಿ ಮುಗಿದು ಹಬ್ಬ ಜಾತ್ರೆಗಳು ಬಂದೊಡನೆ ಊರೂರಲ್ಲಿಯೂ ಪೌರಾಣಿಕ ನಾಟಕದ ರಂಗಸಜ್ಜಿಕೆ ಏಳುತ್ತದೆ. ಹಾರ್ಮೋನಿಯಂ ಮೇಷ್ಟರು ತಿಂಗಳುಗಟ್ಟಲೆ ಕಲಿಸಿದ ‘ಕುರುಕ್ಷೇತ್ರ’ವನ್ನು ಜನ ಬೆಳಗಿನವರೆಗೂ ಕುಳಿತು ನೋಡುತ್ತಾರೆ. ಆದರೆ ಪಾತ್ರ ಹಂಚುವ ದಿನ ದುರ್ಯೋಧನನಿಗೂ ಶ್ರೀಕೃಷ್ಣನಿಗೂ ಹೆಚ್ಚು ಹಣ ತೆರಲು ಮುಂದೆ ಬರುವವರು ಬಹುಮಂದಿ. ವಿದುರ ಸಂಜಯರನ್ನು ಬಯಸಿ ಬೇಡುವವರು ವಿರಳ. ನಾಯಕನೇ ಸರ್ವಸ್ವ, ಉಳಿದವರು ಪರಿವಾರ ಎಂಬ ಈ ಭಾವನೆ ಚಿತ್ರರಂಗಕ್ಕೂ ವ್ಯಾಪಿಸಿದೆ. ಇದು ಕಲೆಗೆ ಹಿತವಲ್ಲವೆಂಬುದು ನನ್ನ ದೃಢವಾದ ಅಭಿಪ್ರಾಯ.

ಇದಕ್ಕೆ ಪ್ರಬಲ ಸಾಕ್ಷಿಯಾಗಿ ನಿಲ್ಲುವವರು ನಮ್ಮ ಮೈಸೂರಿನ ಕೆ. ಎಸ್. ಅಶ್ವತ್ಥ್. 1925ರಲ್ಲಿ ಜನಿಸಿ, 1942ರ ಚಳವಳಿಗಾಗಿ ವಿದ್ಯಾಭ್ಯಾಸವನ್ನು ತೊರೆದು, ಸರ್ಕಾರಿ ನೌಕರಿಯಲ್ಲಿದ್ದುಕೊಂಡೇ ಆಕಾಶವಾಣಿಯ ನಾಟಕಗಳಲ್ಲಿ ಧ್ವನಿಯನ್ನು ಸಂಸ್ಕರಿಸಿಕೊಂಡು, 1955ರ ‘ಸ್ತ್ರೀರತ್ನ’ದಿಂದ ಬೆಳ್ಳಿತೆರೆಗೆ ಬಂದ ಅವರು, 2010ರ ಜನವರಿಯಲ್ಲಿ ಮೈಸೂರಿನಲ್ಲಿಯೇ ಕಣ್ಮುಚ್ಚುವ ವೇಳೆಗೆ 300ಕ್ಕೂ ಹೆಚ್ಚು ಚಿತ್ರಗಳಲ್ಲಿ ತಂದೆಯಾಗಿ, ಅಣ್ಣನಾಗಿ, ನಾರದನಾಗಿ, ಗುರುವಾಗಿ ಕನ್ನಡಿಗರ ಮನೆಮನೆಯ ಹಿರಿಯರೇ ಆಗಿಬಿಟ್ಟಿದ್ದರು. ‘ಕಸ್ತೂರಿ ನಿವಾಸ’ದಲ್ಲಿ ದಾನಿಯಾದ ಒಡೆಯನ ಔದಾರ್ಯವು ನಮ್ಮ ಹೃದಯವನ್ನು ತಟ್ಟುವುದು, ಆತನ ಪತನವನ್ನು ಬಳಿಯಲ್ಲಿಯೇ ನಿಂತು ಕಾಣುವ ನಿಷ್ಠಾವಂತ ಸೇವಕನಾದ ಅಶ್ವತ್ಥರ ಮುಖದ ಮೂಲಕವೂ ಅಲ್ಲವೆ?

1972ರಲ್ಲಿ ಪುಟ್ಟಣ್ಣ ಕಣಗಾಲರು ನಿರ್ದೇಶಿಸಿದ ‘ನಾಗರಹಾವು’ ಚಿತ್ರದ ಚಾಮಯ್ಯ ಮೇಷ್ಟರಂತೂ ವಿಶೇಷ ವಿಚಾರಕ್ಕೆ ಅರ್ಹರು. ಲೋಕವೆಲ್ಲ ಪುಂಡನೆಂದು ದೂರಿದ ರಾಮಾಚಾರಿಯನ್ನು ಪುತ್ರವಾತ್ಸಲ್ಯದಿಂದ ಕಾಣುವ ಆ ಗುರುವೇ ಪ್ರೇಯಸಿ ಅಲಮೇಲುವನ್ನು ತ್ಯಜಿಸೆಂದು ಅವನಿಂದ ಗುರುದಕ್ಷಿಣೆಯನ್ನು ಪಡೆದಂತೆ ಒಪ್ಪಿಗೆ ಪಡೆಯುತ್ತಾನೆ. ಇಬ್ಬರ ಬಾಳೂ ಕೆಡಲು ಆ ಮಾತೇ ಕಾರಣವಾಗುತ್ತದೆ. ಸಾಮಾನ್ಯ ನಟನಾದರೆ ಈ ಗುರುವನ್ನು ನಿರ್ದೋಷಿಯಾದ ಸಾಧುವನ್ನಾಗಿಯೋ ಸಂಪ್ರದಾಯದ ಕಠೋರ ಪ್ರತಿನಿಧಿಯನ್ನಾಗಿಯೋ ಚಿತ್ರಿಸಿಬಿಡುತ್ತಿದ್ದನು. ಅಶ್ವತ್ಥರು ತಪ್ಪನ್ನೂ ಪ್ರೀತಿಯನ್ನೂ ಒಂದೇ ಕಂಠದಲ್ಲಿ ನುಡಿದರು. ಆದುದರಿಂದಲೇ ಚಿತ್ರದುರ್ಗದ ಬಂಡೆಗಳ ಮೇಲೆ ನಡೆಯುವ ಚಿತ್ರದ ಅಂತ್ಯ ದುರಂತದ ಘನತೆಯನ್ನು ಪಡೆಯಿತು.

ಇಂಥ ಗುಣಪಾತ್ರವನ್ನೇ ಚಿತ್ರದ ಕೇಂದ್ರಕ್ಕೆ ತಂದ ಪರಂಪರೆಯೊಂದು ಜರ್ಮನಿಯಲ್ಲಿತ್ತು. 1924ರ ಮೂಕಿಚಿತ್ರವೊಂದರಲ್ಲಿ ಸಮವಸ್ತ್ರವನ್ನು ಕಳೆದುಕೊಂಡ ಹೋಟೆಲಿನ ವೃದ್ಧ ದ್ವಾರಪಾಲಕನಾಗಿಯೂ, 1930ರ ‘ದ ಬ್ಲೂ ಏಂಜೆಲ್’ನಲ್ಲಿ ಅಧಃಪತನಕ್ಕಿಳಿಯುವ ಅಧ್ಯಾಪಕನಾಗಿಯೂ ಅಭಿನಯಿಸಿದ ಎಮಿಲ್ ಯಾನಿಂಗ್ಸ್, ಮುಂದೆ ಹಿಟ್ಲರನ ಆಳ್ವಿಕೆಗೆ ತನ್ನ ಕಲೆಯನ್ನು ಒಪ್ಪಿಸಿದ್ದು ಶೋಚನೀಯವಾದರೂ, ಸ್ಥೂಲಕಾಯದ ನಡುವಯಸ್ಕನೂ ಚಿತ್ರವೊಂದರ ಪ್ರಾಣವಾಗಬಲ್ಲನೆಂಬುದನ್ನು ಲೋಕಕ್ಕೆ ತೋರಿದನು, ಅತ್ಯುತ್ತಮ ನಟನೆಂದು ಮೊದಲ ಆಸ್ಕರ್ ಪ್ರಶಸ್ತಿಯನ್ನು ಪಡೆದವನೂ ಅವನೇ.

ನಂಜುಂಡೇಶ್ವರನ ಪಾದವನ್ನು ತೊಳೆದು ಬರುವ ಕಪಿಲೆ ತಿರುಮಕೂಡಲಿನಲ್ಲಿ ಕಾವೇರಿಯನ್ನು ಸೇರುತ್ತಾಳೆ. ತಲಕಾಡಿನ ಬಳಿ ಆಕೆಯ ಹೆಸರಿಲ್ಲ, ನೀರುಂಟು. ಪೋಷಕ ನಟನ ಸ್ಥಿತಿಯೂ ಇಂತೆಯೇ. ತೆರೆಯ ಹಿಂದೆ ದುಡಿಯುವವರ ಪಾಡೂ ಭಿನ್ನವಲ್ಲ: ನರಸೀಪುರ ತಾಲ್ಲೂಕಿನ ಮೂಗೂರಿನಿಂದ ಹೊರಟು ದಕ್ಷಿಣದ ಚಿತ್ರರಂಗದಲ್ಲಿ ಎಷ್ಟೋ ತಾರೆಯರಿಗೆ ಹೆಜ್ಜೆ ಕಲಿಸಿದ ನೃತ್ಯನಿರ್ದೇಶಕ ಮೂಗೂರು ಸುಂದರ್ ಅವರನ್ನು ಅನೇಕರು ಪ್ರಭುದೇವನ ತಂದೆಯೆಂದಷ್ಟೇ ಬಲ್ಲರು.

ಆದುದರಿಂದ ಈ ಎರಡು ತಾಲ್ಲೂಕುಗಳ ನಾಟಕ ಮಂಡಳಿಗಳಲ್ಲಿ ನನ್ನದೊಂದು ಬಿನ್ನಹ: ಪಾತ್ರವನ್ನು ಹಣದ ಬಲಕ್ಕಿಂತ ಯೋಗ್ಯತೆಯನ್ನು ನೋಡಿ ಹಂಚಿರಿ, ಮಂಡಳಿಯ ಸಮರ್ಥ ನಟನಿಗೆ ಒಮ್ಮೆಯಾದರೂ ವಿದುರನನ್ನು ಕೊಡಿರಿ, ಹಾರ ಶಾಲುಗಳ ಸನ್ಮಾನದಲ್ಲಿ ಅವನನ್ನೂ ಮುಂದಿನ ಸಾಲಿಗೆ ಕರೆಯಿರಿ. ಅಶ್ವತ್ಥರಂಥ ನಟರು ಮತ್ತೆ ಬೇಕಾದರೆ, ಚಿಕ್ಕ ಪಾತ್ರವನ್ನು ಗೌರವಿಸುವ ಪ್ರೇಕ್ಷಕರು ಮೊದಲು ಸಿದ್ಧರಾಗಬೇಕು.