ಗೇರ್‌ಪೆಟ್ಟಿಗೆ ಸುಟ್ಟರೆ ಡ್ರೈವರನ ಸಂಬಳವೇಕೆ ಸುಡಬೇಕು?

ಹೋಟೆಲು ಮಾಲೀಕರು ದೊಡ್ಡ ಕಾರು ಕೊಂಡರೆ ನಮಗೇನೂ ಹೊಟ್ಟೆಕಿಚ್ಚಿಲ್ಲ. ನಮ್ಮ ಬೆವರಿನಿಂದ ಅದರ ಒಂದು ಚಕ್ರವಾದರೂ ಬಂದಿದ್ದೀತು. ಆದರೆ ಆ ಕಾರಿನ ಗೇರ್‌ಪೆಟ್ಟಿಗೆ ಕೆಟ್ಟ ದಿನ ಅದರ ಖರ್ಚನ್ನು ನಮ್ಮ ಸೋದರನೊಬ್ಬನ ಸಂಬಳದಿಂದ ಹಿಡಿಯುವುದಾದರೆ ನಾವು ಬಾಯಿ ಬಿಡಲೇಬೇಕು.

ಲೋಟ ತೊಳೆಯಲು ಬಂದು, ಸಪ್ಲೈಯರಾಗಿ, ಕೊನೆಗೆ ಲೈಸೆನ್ಸು ಮಾಡಿಸಿಕೊಂಡು ಧಣಿಗಳ ಗಾಡಿ ನಡೆಸುವ ನಮ್ಮವರು ಚೆನ್ನೈಯಲ್ಲಿ ಕೆಲವರಿದ್ದಾರೆ. ಅವರ ಕೈಗೆ ಬರುವುದು ಹೆಚ್ಚಾಗಿ ಸೆಕೆಂಡ್‌ಹ್ಯಾಂಡ್ ಗಾಡಿ: ಹಳೆಯ ಎಂಡೀವರ್, ಪಜೇರೊ, ಹೋಂಡಾ ಸಿಆರ್‌ವಿ. ಕ್ಲಚ್ಚಿಲ್ಲದ ಆಟೋಮ್ಯಾಟಿಕ್ ಆದರೆ ಧಣಿಗಳಿಗೆ ಇನ್ನೂ ಇಷ್ಟ. ಎಂಡೀವರನ್ನು ಇಲ್ಲೇ ಮರೈಮಲೈ ನಗರದಲ್ಲಿ ಮಾಡುತ್ತಿದ್ದರು. 2021ರ ಸೆಪ್ಟೆಂಬರಿನಲ್ಲಿ ಫೋರ್ಡ್ ಕಂಪೆನಿ ಭಾರತದಲ್ಲಿ ಕಾರು ತಯಾರಿಕೆ ನಿಲ್ಲಿಸುವುದಾಗಿ ಸಾರಿತು. 2022ರಲ್ಲಿ ಆ ಕಾರ್ಖಾನೆ ನಿಂತಿತು. ಕಾರು ಮಾಡಿದವನು ಬೀದಿಗೆ ಬಂದ. ಈಗ ಓಡಿಸುವವನ ಸರದಿಯೇ?

ಒಬ್ಬ ಡ್ರೈವರ್ ಸಂಘಕ್ಕೆ ಬಂದು, “ಅಣ್ಣಾ, ಗೇರು ಹಿಡಿಯಲಿಲ್ಲ, ಸಂಬಳ ಹಿಡಿದರು” ಎಂದ. ಎಣ್ಣೆ ಕೊನೆಗೆ ಯಾವಾಗ ನೋಡಿದ್ದು ಎಂದು ನಾನು ಧಣಿಗಳನ್ನೇ ಕೇಳಿದೆ. ಅದಕ್ಕೂ ಎಣ್ಣೆ ಇದೆಯೇ ಎಂದರು! ಎಂಜಿನ್ ಎಣ್ಣೆ ಬೇರೆ, ಇದು ಬೇರೆ. ಎಂಜಿನ್ನಿನ ಬಲವನ್ನು ಗೇರಿಗೆ ದಾಟಿಸುವುದು, ಒಳಗಿನ ಕ್ಲಚ್ಚುಗಳನ್ನು ಒತ್ತಿ ಹಿಡಿಯುವುದು, ಕಾವು ಇಳಿಸುವುದು ಎಲ್ಲ ಈ ಎಣ್ಣೆಯ ಕೆಲಸ. ಅಣ್ಣಾ ಸಾಲೈಯ ನೂಕುನುಗ್ಗಲಿನಲ್ಲಿ, ಮೇ ತಿಂಗಳ ಬಿಸಿಲಿನಲ್ಲಿ ಅದು ಎಷ್ಟು ಕಾಯುತ್ತದೆಂದು ಒಲೆಯ ಮುಂದೆ ನಿಂತವನಿಗೆ ಹೇಳಬೇಕಾಗಿಲ್ಲ.

ನೋಡುವ ಕ್ರಮ ಕಷ್ಟದ್ದಲ್ಲ. ಗಾಡಿ ಸ್ವಲ್ಪ ದೂರ ಓಡಿ ಬಿಸಿಯಾಗಿರಬೇಕು. ಸಮನೆಲದಲ್ಲಿ ನಿಲ್ಲಿಸಿ, ಹ್ಯಾಂಡ್‌ಬ್ರೇಕ್ ಎಳೆದು, ಕಾಲು ಬ್ರೇಕಿನ ಮೇಲಿಟ್ಟು ಗೇರು ಕೋಲನ್ನು ಪ್ರತಿ ಮನೆಯಲ್ಲೂ ಕ್ಷಣ ನಿಲ್ಲಿಸಿ ‘ಪಿ’ಗೆ ತರಬೇಕು. ಅಳತೆ ಕಡ್ಡಿಯಿರುವ ಬಹಳ ಗಾಡಿಗಳಲ್ಲಿ ಎಂಜಿನ್ ಓಡುತ್ತಿರುವಾಗಲೇ ಕಡ್ಡಿ ತೆಗೆದು, ಒರೆಸಿ, ಪೂರ್ತಿ ಇಳಿಸಿ ಮತ್ತೆ ತೆಗೆದು ‘ಹಾಟ್’ ಗೆರೆ ನೋಡುತ್ತಾರೆ. ಹೋಂಡಾದಲ್ಲಿ ಮಾತ್ರ ಎಂಜಿನ್ ನಿಲ್ಲಿಸಿದ ಕೂಡಲೇ ನೋಡಬೇಕು. 2016ರಿಂದ ಬಂದ ಎಂಡೀವರಿನಲ್ಲಿ ಬಾನೆಟ್ ಎತ್ತಿದರೆ ಈ ಕಡ್ಡಿ ಸಿಗುವುದೇ ಇಲ್ಲ; ಗಾಡಿಯನ್ನು ಮೇಲೆತ್ತಿ ಕೆಳಗಿನಿಂದಲೇ, ಎಣ್ಣೆ ಇಷ್ಟೇ ಬಿಸಿಯಿರುವಾಗ ನೋಡಬೇಕು. ಅದು ವರ್ಕ್‌ಶಾಪಿನ ಕೆಲಸ, ಡ್ರೈವರನದಲ್ಲ.

ಸಾಮಾನ್ಯವಾಗಿ ಎಣ್ಣೆ ಕೆಂಪಗಿರಬೇಕು. ಕಂದಾಗಿ ಸುಟ್ಟ ವಾಸನೆ ಬಂದರೆ ಒಳಗೆ ಸವೆತ ಶುರುವಾಗಿದೆ. ಬೋಂಡಾ ಬಾಣಲೆಯ ಹಳೆ ಎಣ್ಣೆ ಕಂಡವರ ಮೂಗು ಇದರಲ್ಲಿ ತಪ್ಪುವುದಿಲ್ಲ. ಹಾಲು ಬೆರೆತಂತೆ ಕಂಡರೆ ನೀರು ಸೇರಿದೆ. 2015ರ ಡಿಸೆಂಬರಿನ ನೆರೆಯಲ್ಲೂ, 2023ರ ಮಿಚಾಂಗ್ ಚಂಡಮಾರುತದಲ್ಲೂ ಇಲ್ಲಿ ಎಷ್ಟೋ ಗಾಡಿಗಳು ಮುಳುಗಿದವು. ಅಂಥದನ್ನು ಒರೆಸಿ, ಬಣ್ಣ ಬಳಿದು ಮಾರಿದರೆ ಕೊಂಡವರ ಅದೃಷ್ಟ. ಎಣ್ಣೆ ಕಡಿಮೆಯಾದರೆ ಗೇರು ಜಾರುತ್ತದೆ, ಹೆಚ್ಚಾದರೆ ನೊರೆಯೇಳುತ್ತದೆ. ಕೈಪುಸ್ತಕದಲ್ಲಿ ಹೇಳಿದ ಜಾತಿಯ ಎಣ್ಣೆಯನ್ನೇ ಹಾಕಬೇಕು. ಪುದುಪೇಟೆಯಲ್ಲಿ ಅಗ್ಗಕ್ಕೆ ಸಿಕ್ಕಿತೆಂದು ಏನೋ ಒಂದನ್ನು ಸುರಿಯಬಾರದು.

ಗಾಡಿ ನಡೆಸುವವನೇ ಇದನ್ನೆಲ್ಲ ನೋಡಿಕೊಳ್ಳಬೇಕಲ್ಲವೇ ಎಂದು ಮಾಲೀಕರು ಕೇಳುತ್ತಾರೆ. ನೋಡಲಿ, ನಾನು ಬೇಡವೆನ್ನುವುದಿಲ್ಲ. ಎಣ್ಣೆ ಬೇಕೆಂದು ಹೇಳಿದವನಿಗೆ ‘ಮುಂದಿನ ತಿಂಗಳು ನೋಡೋಣ’ ಎಂದವರು ಯಾರು? 1936ರ ವೇತನ ಪಾವತಿ ಕಾಯ್ದೆಯಲ್ಲಿಯೂ ಅದರ ಜಾಗಕ್ಕೆ ಬಂದ 2019ರ ವೇತನ ಸಂಹಿತೆಯಲ್ಲಿಯೂ ಮಾತು ಒಂದೇ: ಕೆಲಸಗಾರನಿಗೆ ಒಪ್ಪಿಸಿದ ವಸ್ತು ನೇರವಾಗಿ ಅವನ ಅಲಕ್ಷ್ಯದಿಂದಲೇ ಕೆಟ್ಟಿದ್ದರೆ ಮಾತ್ರ ಕಡಿತ, ಅದೂ ಅವನ ಸಮಜಾಯಿಷಿ ಕೇಳಿದ ಮೇಲೆ. ಗಲ್ಲಾದ ಮೇಲೆ ಕೂತು ಒಂದೇ ಮಾತಿನಲ್ಲಿ ತೀರ್ಪು ಕೊಡುವಂತಿಲ್ಲ.

ಆದುದರಿಂದ ಡ್ರೈವರ್ ಸೋದರರೆ, ಗಾಡಿಯಲ್ಲಿ ಒಂದು ನೋಟುಪುಸ್ತಕವಿಡಿ. ತಾರೀಖು, ಕಿಲೋಮೀಟರು, ಎಣ್ಣೆಯ ಮಟ್ಟ, ಬಣ್ಣ ಬರೆದು ತಿಂಗಳಿಗೊಮ್ಮೆ ಧಣಿಗಳ ರುಜು ಹಾಕಿಸಿ. ರುಜು ಹಾಕದಿದ್ದರೆ ಅದನ್ನೂ ಬರೆಯಿರಿ. ಹೊಸ ಕೆಲಸಕ್ಕೆ ಸೇರಿದ ದಿನವೇ ಮೊದಲ ಸಾಲು ಬರೆಯುವುದು ಒಳ್ಳೆಯದು, ಹಿಂದಿನವರ ಲೆಕ್ಕ ನಿಮ್ಮ ತಲೆಗೆ ಬರುವುದಿಲ್ಲ. ಕಡ್ಡಿ ಒರೆಸಲು ಮಾತ್ರ ನಮ್ಮ ಮೇಜೊರೆಸುವ ಬಟ್ಟೆ ಬೇಡ. ಅದರ ಒಂದು ಎಳೆ ಒಳಗೆ ಹೋದರೂ ತೊಂದರೆ.