ಅಜ್ಜಿ ಫೋಟೋ ಡಿಲೀಟ್ ಮಾಡಿದ್ದು ಯಾಕೆ

1/7

ಮೂರು ದಿನದಿಂದ ಇನ್‌ಬಾಕ್ಸ್ ತುಂಬಾ ಒಂದೇ ಪ್ರಶ್ನೆ. "ಮಗಾ, ಕೆಂಪು ಕಮಾನುಗಳ ಪಕ್ಕ ಒಬ್ರು ಅಜ್ಜಿ ಕೈಮುಗಿದು ನಿಂತಿದ್ರಲ್ಲ, ಆ ಫೋಟೋ ಎಲ್ಲೋಯ್ತು?" ನನ್ನ ಪೇಜಲ್ಲಿ ಇಲ್ಲಿವರೆಗೆ ಅತಿ ಹೆಚ್ಚು ಲೈಕ್ ಬಿದ್ದಿದ್ದು ಅದಕ್ಕೇ. ಯಾರೂ ರಿಪೋರ್ಟ್ ಮಾಡಿಲ್ಲ, ಯಾರೂ ಬೈದೂ ಇಲ್ಲ. ಡಿಲೀಟ್ ಮಾಡಿದ್ದು ನಾನೇ. ಒಂದು ಸ್ಟೋರಿಯಲ್ಲಿ ಹೇಳಿ ಮುಗಿಸೋಕೆ ಆಗಲ್ಲ, ಅದಕ್ಕೇ ಏಳು ಕ್ಯಾಪ್ಶನ್. ಪುರುಸೊತ್ತಾದಾಗ ಓದಿ.

ಹೊಸಬರಿಗೆ: ಎರಡು ವಾರದ ಸ್ಟೂಡೆಂಟ್ ಎಕ್ಸ್‌ಚೇಂಜ್‌ಗೆ ಜಪಾನಿಗೆ ಹೋಗಿದ್ದೆ. ಕೊನೆಯ ಮೂರು ದಿನ ಕ್ಯೋಟೋದಲ್ಲಿ ನಮ್ಮ ಪಾಡಿಗೆ ನಮ್ಮನ್ನ ಬಿಟ್ಟಿದ್ದರು. ಇದು ಆ ಮೂರು ದಿನದ ಕಥೆ, ಜೊತೆಗೆ ನನ್ನದೊಂದು ಅಭಿಪ್ರಾಯ. ಅಭಿಪ್ರಾಯ ಮೊದಲೇ ಹೇಳಿಬಿಡ್ತೀನಿ. ಜಪಾನಿನ ದೇವಸ್ಥಾನಗಳನ್ನ ನೋಡೋದಾದ್ರೆ ನಡೆದು ನೋಡಿ, ತಿಳಿದವರೊಬ್ಬರ ಜೊತೆ ನೋಡಿ, ದಿನಕ್ಕೆ ಮೂರೇ ಜಾಗ ಇಟ್ಕೊಳ್ಳಿ. ಫೋನ್ ಆಮೇಲೆ ತೆಗೀರಿ. ಫೋಟೋ ಹಾಕೋ ಆ್ಯಪ್‌ನಲ್ಲೇ ಕೂತು ಈ ಮಾತು ಹೇಳ್ತಿದ್ದೀನಿ, ಗೊತ್ತು. ನಗಾಡಿ, ಪರವಾಗಿಲ್ಲ.

2/7

ಮೊದಲ ದಿನ ನನ್ನ ಲಿಸ್ಟ್ ಹೀಗಿತ್ತು: ಫುಶಿಮಿ ಇನಾರಿ, ಕಿಂಕಾಕುಜಿ, ರ್ಯೋವಾನ್‌ಜಿ, ಅರಾಶಿಯಾಮದ ಬಿದಿರು ಹಾದಿ, ಸಂಜೆಗೆ ಗಿಯೋನ್. ಐದೂ ಮುಗಿಸಿದೆ. ನಾನೂರಕ್ಕೂ ಹೆಚ್ಚು ಫೋಟೋ. ರಾತ್ರಿ ರೂಮಿಗೆ ಬಂದಾಗ ಕಾಲು ಬಿದ್ದುಹೋಗಿತ್ತು, ನೋಡಿದ್ದರಲ್ಲಿ ನೆನಪಿರೋದು ಮಾತ್ರ ಏನೂ ಇರಲಿಲ್ಲ.

ಒಂದು ಉದಾಹರಣೆ ಕೊಡ್ತೀನಿ. ರ್ಯೋವಾನ್‌ಜಿಯಲ್ಲಿ ಬಿಳಿ ಜಲ್ಲಿ ಹರಡಿದ ಅಂಗಳದಲ್ಲಿ 15 ಕಲ್ಲುಗಳಿವೆ. ಜಗಲಿಯ ಮೇಲೆ ಎಲ್ಲಿ ಕೂತ್ರೂ ಒಂದಾದ್ರೂ ಕಲ್ಲು ಕಣ್ಣಿಗೆ ಸಿಗದ ಹಾಗೆ ಇಟ್ಟಿದ್ದಾರೆ. ಆ ಜಾಗದ ವಿಶೇಷವೇ ಅದು. ನಾನಲ್ಲಿ ಕೂತದ್ದು ನಾಲ್ಕು ನಿಮಿಷ. ಈ ಸಂಗತಿ ಗೊತ್ತಾಗಿದ್ದು ರಾತ್ರಿ, ಫೋಟೋಗೆ ಕ್ಯಾಪ್ಶನ್ ಹುಡುಕುವಾಗ.

ಇನ್ನು ಆ ಅಜ್ಜಿ. ಇನಾರಿ ಬೆಟ್ಟದ ಮೇಲೆ ದೊಡ್ಡ ದಾರಿಯಿಂದ ಸ್ವಲ್ಪ ಒಳಗೆ ಸಣ್ಣ ಸಣ್ಣ ಕಲ್ಲಿನ ಗುಡಿಗಳ ಗುಂಪುಗಳಿವೆ. ಜನ, ಮನೆತನಗಳು ತಮ್ಮ ಹರಕೆಗೆ ನಿಲ್ಲಿಸಿದ ಕಲ್ಲುಗಳು. ಅಜ್ಜಿ ಅಲ್ಲೊಂದು ಮೇಣದಬತ್ತಿ ಹಚ್ಚಿ ಕಣ್ಣು ಮುಚ್ಚಿದ್ದರು. ನಾನು ಎರಡು ಹೆಜ್ಜೆ ದೂರದಲ್ಲಿ ನಿಂತು ಕ್ಲಿಕ್ ಮಾಡಿದೆ. ಸದ್ದಿಗೆ ಕಣ್ಣು ತೆರೆದರು. ತಾವೇ ನನ್ನ ಫೋಟೋಗೆ ಅಡ್ಡ ಬಂದಿದ್ದೀವಿ ಅಂದ್ಕೊಂಡರೋ ಏನೋ, ತಲೆ ಬಾಗಿಸಿ, ಕ್ಷಮೆ ಕೇಳುವವರ ಹಾಗೆ ಪಕ್ಕಕ್ಕೆ ಸರಿದರು. ಆಗ ನನಗೆ ಅನ್ನಿಸಿದ್ದು ಒಂದೇ: "ಅಬ್ಬಾ, ಎಷ್ಟು ಒಳ್ಳೆ ಜನ!"

3/7

ಎರಡನೇ ದಿನ ಗೆಳತಿಯೊಬ್ಬಳು ಬಲವಂತ ಮಾಡಿ ವಾಕಿಂಗ್ ಟೂರ್‌ಗೆ ಎಳ್ಕೊಂಡು ಹೋದಳು. ಎಂಟು ಜನ, ಅರ್ಧ ದಿನ, ಮೂರೇ ಜಾಗ. ಗೈಡ್ ಅರವತ್ತು ದಾಟಿದ ಹೆಂಗಸು. ಕೈಯಲ್ಲಿ ಬಾವುಟ ಇಲ್ಲ, ಮೈಕ್ ಇಲ್ಲ. ಮೆತ್ತಗೆ ಮಾತಾಡ್ತಿದ್ದರು, ಕೇಳಬೇಕಂದ್ರೆ ನಾವೇ ಹತ್ರ ಹೋಗ್ಬೇಕು.

ಮೊದಲ ಜಾಗ ಸಂಜೂಸಾಂಗೆನ್‌ದೋ. ಸುಮಾರು 120 ಮೀಟರ್ ಉದ್ದದ ಮರದ ಸಭಾಂಗಣ. 1164ರಲ್ಲಿ ಕಟ್ಟಿದ್ದು, 1249ರಲ್ಲಿ ಸುಟ್ಟುಹೋಗಿ, 1266ರಲ್ಲಿ ಮತ್ತೆ ಎದ್ದು ನಿಂತದ್ದು. ಒಳಗೆ 1001 ಕನ್ನೋನ್ ಮೂರ್ತಿಗಳು. ಕನ್ನೋನ್ ಅಂದ್ರೆ ನಮ್ಮ ಅವಲೋಕಿತೇಶ್ವರ. ನಡುವೆ ಕೂತದ್ದು ಒಂದು, ಆ ಕಡೆ 500, ಈ ಕಡೆ 500 ನಿಂತಿವೆ. ಅದರಲ್ಲಿ 124 ಆ ಬೆಂಕಿಯಿಂದ ಜನ ಹೊರಗೆ ಸಾಗಿಸಿ ಉಳಿಸಿದವು.

ಒಳಗೆ ಫೋಟೋ ನಿಷೇಧ. ನನಗೆ ನಿಜವಾಗ್ಲೂ ಕೈ ಕಟ್ಟಿಹಾಕಿದ ಹಾಗಾಯ್ತು. ಹತ್ತು ನಿಮಿಷ ಆದ್ಮೇಲೆ ಮುಖಗಳು ಕಾಣಿಸೋಕೆ ಶುರುವಾಯ್ತು. ಒಂದರ ಹಾಗೆ ಇನ್ನೊಂದಿಲ್ಲ. ಹುಡುಕಿದ್ರೆ ನೀವು ನೋಡಬೇಕು ಅಂತ ಹಂಬಲಿಸೋರ ಮುಖ ಇಲ್ಲಿ ಸಿಗುತ್ತೆ ಅನ್ನೋ ಮಾತು ಅಲ್ಲಿದೆಯಂತೆ. ನಾನು ಹುಡುಕಿದೆ. ಸಿಕ್ತಾ ಇಲ್ವಾ ಅಂತ ಇಲ್ಲಿ ಹೇಳಲ್ಲ.

ಮುಂದಿನ ಸಾಲಲ್ಲಿ 28 ಕಾವಲು ದೇವತೆಗಳು. ಗೈಡ್ ನಮ್ಮಿಬ್ಬರನ್ನ ಕರೆದು ಒಂದು ಮೂರ್ತಿ ತೋರಿಸಿ "ಕರುರಾ" ಅಂದರು. ಹಕ್ಕಿಯ ಮುಖ, ರೆಕ್ಕೆ, ಬಾಯಿಗೆ ಹಿಡಿದ ಕೊಳಲು. ಗರುಡ! ಕೊಳಲೂದುವ ಗರುಡನನ್ನ ನೋಡೋಕೆ ನಾನು ಕ್ಯೋಟೋಗೆ ಹೋಗ್ಬೇಕಾಯ್ತು. ಅವನ ಫೋಟೋ ನನ್ನ ಹತ್ರ ಇಲ್ಲ. ಆದ್ರೆ ಇಡೀ ಟ್ರಿಪ್‌ನಲ್ಲಿ ಕಣ್ಣು ಮುಚ್ಚಿದ್ರೆ ಸ್ಪಷ್ಟವಾಗಿ ಕಾಣೋದು ಅವನೊಬ್ಬನೇ.

4/7

ಅಲ್ಲಿಂದ ಕಿಯೊಮಿಜು-ದೆರಾಕ್ಕೆ ಏರು ದಾರಿಯಲ್ಲಿ ನಡಿಗೆ. ಆ ದಾರಿಯಲ್ಲಿ ಕಲಿತದ್ದನ್ನ ನಿಮಗೂ ಹೇಳ್ತೀನಿ, ಉಪಯೋಗಕ್ಕೆ ಬರುತ್ತೆ.

ಹೆಸರಿನ ಕೊನೆಗೆ "ಜಿ" ಅಥವಾ "ದೆರಾ" ಬಂದ್ರೆ ಬೌದ್ಧ ದೇವಾಲಯ. "ಜಿಂಜಾ", "ತೈಶಾ" ಅಂದ್ರೆ ಶಿಂಟೋ ಗುಡಿ, ಅಲ್ಲಿರೋದು ಕಾಮಿ ಅನ್ನೋ ದೈವಗಳು. ಶಿಂಟೋ ಗುಡಿಯ ಮುಂದೆ ತೊರೀ ಕಮಾನು ಇರುತ್ತೆ. ಅದರಡಿ ಹೋಗೋ ಮುಂಚೆ ಒಮ್ಮೆ ತಲೆ ಬಾಗಿಸಿ. ದಾರಿಯ ನಟ್ಟನಡುವೆ ನಡೀಬೇಡಿ, ಅದು ದೈವ ಓಡಾಡೋ ಜಾಗ ಅನ್ನೋ ನಂಬಿಕೆ. ನೀರಿನ ತೊಟ್ಟಿಯ ಹತ್ರ ಸೌಟಿನಿಂದ ಮೊದಲು ಎಡಗೈ, ಆಮೇಲೆ ಬಲಗೈ, ಆಮೇಲೆ ಎಡ ಅಂಗೈಯಲ್ಲಿ ನೀರು ಹಿಡಿದು ಬಾಯಿ. ಗುಡಿಯ ಮುಂದೆ ಎರಡು ಸಲ ಬಾಗಿ, ಎರಡು ಚಪ್ಪಾಳೆ, ಮತ್ತೆ ಒಂದು ಸಲ ಬಾಗೋದು. ಬೌದ್ಧ ದೇವಾಲಯದಲ್ಲಿ ಚಪ್ಪಾಳೆ ಇಲ್ಲ, ಸುಮ್ಮನೆ ಕೈಮುಗಿಯೋದು. ನಾನು ಮೊದಲ ದಿನ ಕಿಂಕಾಕುಜಿಯಲ್ಲಿ ಜೋರಾಗಿ ಎರಡು ಚಪ್ಪಾಳೆ ಹೊಡೆದು ಬಂದಿದ್ದೆ!

ಈ ಎರಡು ದಾರಿಗಳೂ ಸಾವಿರ ವರ್ಷಕ್ಕೂ ಹೆಚ್ಚು ಕಾಲ ಒಂದರೊಳಗೊಂದು ಬೆರೆತೇ ಇದ್ದವು. ಬೇರೆ ಬೇರೆ ಮಾಡಿ ಅಂತ 1868ರಲ್ಲಿ ಸರ್ಕಾರ ಆಜ್ಞೆ ಹೊರಡಿಸಿತು. ನಮ್ಮ ಟೂರ್‌ನ ಮೂರನೇ ಜಾಗ ಯಸಾಕಾ ಜಿಂಜಾಕ್ಕೆ ಆ ಹೆಸರು ಬಂದದ್ದೂ ಆಗಲೇ. ಅದಕ್ಕೂ ಮುಂಚಿನ ಹೆಸರು ಗಿಯೋನ್. ಗಿಯೋನ್ ಅಂದ್ರೆ ಶ್ರಾವಸ್ತಿಯಲ್ಲಿ ಬುದ್ಧ ಇದ್ದ ಜೇತವನದ ಜಪಾನಿ ಹೆಸರು. ನಾನು ಹಿಂದಿನ ಸಂಜೆ ಅದೇ ಗಿಯೋನ್‌ನಲ್ಲಿ ರೀಲ್ ಮಾಡಿದ್ದೆ, ಹೆಸರಿನ ಅರ್ಥ ಗೊತ್ತಿಲ್ಲದೆ.

ಇನ್ನೊಂದು. ಬೌದ್ಧ ದೇವಾಲಯಗಳ ದೊಡ್ಡ ಬಾಗಿಲಲ್ಲಿ ಇಬ್ಬರು ನಿಯೋ ದ್ವಾರಪಾಲಕರು ಇರ್ತಾರೆ. ಒಬ್ಬನ ಬಾಯಿ ತೆರೆದಿದೆ, "ಅ". ಇನ್ನೊಬ್ಬನದು ಮುಚ್ಚಿದೆ, "ಉನ್". ಸಂಸ್ಕೃತ ವರ್ಣಮಾಲೆಯ ಮೊದಲೂ ಕೊನೆಯೂ. ಅಷ್ಟೇ ಅಲ್ಲ, ಜಪಾನಿ ಮಕ್ಕಳು ಕಲಿಯೋ ಅಕ್ಷರಗಳ ಸಾಲು ಆ, ಇ, ಉ, ಎ, ಒ, ಆಮೇಲೆ ಕಾ, ಸಾ, ತಾ, ನಾ, ಹಾ, ಮಾ, ಯಾ, ರಾ, ವಾ. ನಮ್ಮ ಕಾಗುಣಿತದ ಪಕ್ಕ ಇಟ್ಟು ನೋಡಿ. ಸಂಸ್ಕೃತ ಓದಿದ ಬೌದ್ಧ ಭಿಕ್ಷುಗಳ ಮೂಲಕ ಹೋದ ಕ್ರಮ ಅದು. ಗೈಡ್ ಇದನ್ನ ಹೇಳ್ತಾ ಹೇಳ್ತಾ ನನ್ನಿಂದ ಅ ಆ ಇ ಈ ಹೇಳಿಸಿದರು. ಒಂದನೇ ಕ್ಲಾಸಿನ ಹುಡುಗನ ಹಾಗೆ ರಸ್ತೆಯಲ್ಲಿ ನಿಂತು ಒಪ್ಪಿಸಿದೆ.

5/7

ಕಿಯೊಮಿಜು-ದೆರಾದ ಈಗಿನ ಮುಖ್ಯ ಮಂದಿರ 1633ರದ್ದು. ಮುಂದೆ ಚಾಚಿರೋ ಮರದ ವೇದಿಕೆ ನೆಲದಿಂದ ಸುಮಾರು 13 ಮೀಟರ್ ಎತ್ತರ, ಒಂದು ಮೊಳೆಯನ್ನೂ ಬಳಸದೆ ತೊಲೆಗೆ ತೊಲೆ ಕೊರೆದು ಕೂರಿಸಿದ್ದು. ಎಲ್ಲರೂ ಮೇಲೆ ನಿಂತು ಫೋಟೋ ತೆಗೀತಾರೆ. ನಮ್ಮ ಗೈಡ್ ಕೆಳಗಿನ ದಾರಿಗೆ ಇಳಿಸಿ, ತಲೆ ಎತ್ತಿ ಆ ತೊಲೆಗಳನ್ನ ನೋಡಿ ಅಂದರು. ಇಷ್ಟೊಂದು ಜನರ ಭಾರ ಹೊತ್ತು ನಿಂತ ಮರ ಅಲ್ಲಿಂದ ಕಾಣುತ್ತೆ.

ಕೆಳಗೆ ಒತೋವಾ ಅನ್ನೋ ನೀರಿನ ಮೂರು ಧಾರೆಗಳಿವೆ. ಒಂದು ಆಯುಷ್ಯಕ್ಕೆ, ಒಂದು ಓದಿಗೆ, ಒಂದು ಪ್ರೀತಿಗೆ ಅಂತ ಜನ ಹೇಳ್ತಾರೆ. ಮೂರನ್ನೂ ಕುಡಿದ್ರೆ ದುರಾಸೆ, ಒಂದನ್ನ ಆರಿಸ್ಕೋಬೇಕು. ನನ್ನ ಬ್ಯಾಕ್‌ಲಾಗ್ ಗೊತ್ತಿರೋ ಕ್ಲಾಸ್‌ಮೇಟ್ಸ್‌ಗೆ ನಾನು ಯಾವುದು ಕುಡಿದೆ ಅಂತ ಹೇಳ್ಬೇಕಾಗಿಲ್ಲ. ಆದ್ರೆ ಅಲ್ಲಿ ನಿಂತಾಗ ನನ್ನ ಐದು ಜಾಗದ ಲಿಸ್ಟ್ ನೆನಪಾಯ್ತು.

ಆಮೇಲೆ ಸನ್ನೆನ್‌ಜಾಕಾ, ನಿನೆನ್‌ಜಾಕಾ ಮೆಟ್ಟಿಲ ಬೀದಿಗಳು. ಹೆಗಲಿಗೆ ಹೆಗಲು ತಾಗೋ ಜನ. ನಾವೆಂಟೂ ಜನ ಒಂದು ಮನೆ ಬಾಗಿಲಿಗೆ ಅಡ್ಡ ನಿಂತಿದ್ವಿ. ಗೈಡ್ ಏನೂ ಹೇಳದೆ ಕೈ ತೋರಿಸಿ ನಮ್ಮನ್ನ ಗೋಡೆಗೆ ಒತ್ತಿಸಿದರು. ಒಳಗಿಂದ ಒಬ್ಬರು ತರಕಾರಿ ಚೀಲ ಹಿಡ್ಕೊಂಡು ಹೊರಗೆ ಬಂದರು. ಆಗ ಹೊಳೀತು, ಇಲ್ಲಿ ಜನ ಸಂಸಾರ ಮಾಡ್ತಿದ್ದಾರೆ.

6/7

ಈಗ ನಿಮ್ಮ ತಕರಾರುಗಳು. ನನಗೂ ಇದೇ ಇದ್ದವು.

"ಗೈಡ್‌ಗೆ ದುಡ್ಡೆಲ್ಲಿಂದ?" ನಿಜ, ನಾನು ಕೊಟ್ಟದ್ದು ನನ್ನ ಎರಡು ದಿನದ ಊಟದ ಖರ್ಚಿನಷ್ಟು. ಆದ್ರೆ ಜಪಾನಿನಲ್ಲಿ ಗುಡ್‌ವಿಲ್ ಗೈಡ್ ಅಂತ ಸ್ವಯಂಸೇವಕರ ಗುಂಪುಗಳಿವೆ, ಕೆಲವದರಲ್ಲಿ ಕಾಲೇಜು ಹುಡುಗ ಹುಡುಗಿಯರೇ ಇರ್ತಾರೆ. ಅವರ ಓಡಾಟ, ಪ್ರವೇಶ ಶುಲ್ಕ, ಊಟ ನೋಡ್ಕೊಂಡ್ರೆ ಸಾಮಾನ್ಯವಾಗಿ ಸಾಕು. ಮೊದಲೇ ಬರೆದು ಕೇಳ್ಬೇಕು.

"ಗೈಡ್ ಜೊತೆ ಹೋದ್ರೆ ಸ್ವಾತಂತ್ರ್ಯ ಇರಲ್ಲ." ನನ್ನ ಮೊದಲ ದಿನವನ್ನೇ ನೋಡಿ. ಯಾರ ಹಂಗೂ ಇರಲಿಲ್ಲ, ಆದ್ರೆ ಯಾವ ಕೋನದಲ್ಲಿ ನಿಲ್ಲಬೇಕು ಅನ್ನೋದನ್ನೂ ಬೇರೆಯವರ ರೀಲ್ ನೋಡಿಯೇ ತೀರ್ಮಾನಿಸಿದ್ದೆ. ಹಾಗಂತ ಎಲ್ಲ ಗೈಡ್‌ಗಳೂ ಒಳ್ಳೆಯವರೇ ಅಂತಲ್ಲ. ನಲವತ್ತು ಜನರನ್ನ ಬಾವುಟ ಹಿಡಿದು ಓಡಿಸೋರೂ ಇದ್ದಾರೆ. ಸಣ್ಣ ಗುಂಪು, ಕಮ್ಮಿ ಜಾಗ ಇರೋದನ್ನ ಆರಿಸಿ.

"ನಾನೊಬ್ಬ ಫೋಟೋ ತೆಗೆದ್ರೆ ಏನಾಗುತ್ತೆ?" 2024ರಲ್ಲಿ ಜಪಾನಿಗೆ ಬಂದ ವಿದೇಶಿಯರು ಸುಮಾರು 3.68 ಕೋಟಿ. ಕ್ಯೋಟೋ ನಗರದ ಜನಸಂಖ್ಯೆ ಹದಿನಾಲ್ಕು ಲಕ್ಷದ ಆಸುಪಾಸು. ಬಂದವರೆಲ್ಲ "ನಾನೊಬ್ಬ" ಅಂದ್ಕೊಂಡೇ ಬರ್ತಾರೆ. ಗಿಯೋನ್‌ನ ಖಾಸಗಿ ಓಣಿಗಳಲ್ಲಿ 2019ರಲ್ಲಿ ಫೋಟೋ ನಿಷೇಧಿಸಿ 10,000 ಯೆನ್ ದಂಡದ ಬೋರ್ಡ್ ಹಾಕಿದ್ದರು. ಅದೂ ಸಾಲದೆ 2024ರಲ್ಲಿ ಪ್ರವಾಸಿಗರು ಆ ಓಣಿಗಳಿಗೆ ಬರೋದನ್ನೇ ತಡೆದರು. ಪಾಚಿಯ ತೋಟಕ್ಕೆ ಹೆಸರಾದ ಸೈಹೋಜಿ ದೇವಾಲಯವಂತೂ 1977ರಲ್ಲೇ ಮುಂಗಡ ಅನುಮತಿ ಕಡ್ಡಾಯ ಮಾಡಿತು. ಅಲ್ಲಿ ಮೊದಲು ಕೂತು ಕುಂಚದಲ್ಲಿ ಸೂತ್ರ ಬರೀಬೇಕು, ತೋಟ ಆಮೇಲೆ. ಕೆಲವರಿಗೆ ಇದು ಸೊಕ್ಕು ಅನ್ನಿಸಬಹುದು. ನನಗೆ ಅರ್ಥ ಆಗುತ್ತೆ. ತಾಳ್ಮೆ ಇಲ್ಲದವರಿಂದ ಮೊದಲು ಹಾಳಾಗೋದು ಪಾಚಿಯೇ.

"ಅಜ್ಜಿ ಏನೂ ಅನ್ನಲಿಲ್ಲವಲ್ಲ?" ಹೌದು. ಅದಕ್ಕೇ ಏಳನೇ ಕ್ಯಾಪ್ಶನ್.

7/7

ಮೂರನೇ ದಿನ ಬೆಳಗ್ಗೆ ಆರಕ್ಕೆ ಒಬ್ಬನೇ ಮತ್ತೆ ಫುಶಿಮಿ ಇನಾರಿಗೆ ಹೋದೆ. 711ರಿಂದ ಇರೋ ಕ್ಷೇತ್ರ ಅಂತಾರೆ. ಬಾಗಿಲು ಹಾಕೋದಿಲ್ಲ, ಟಿಕೆಟ್ ಇಲ್ಲ. ಮೊದಲ ದಿನ ಅರ್ಧ ದಾರಿಗೇ ವಾಪಸ್ಸಾಗಿದ್ದೆ. ಈ ಸಲ 233 ಮೀಟರ್ ಎತ್ತರದ ಆ ಬೆಟ್ಟವನ್ನ ಪೂರ್ತಿ ಸುತ್ತಿದೆ, ಎರಡೂವರೆ ಗಂಟೆ. ಸಾವಿರಾರು ತೊರೀಗಳು. ಹತ್ತುವಾಗ ಬರೀ ಕೆಂಪು ಕಂಬ. ಇಳಿಯುವಾಗ ನೋಡಿ ಅಂತ ಗೈಡ್ ಹೇಳಿದ್ದರು. ನೋಡಿದೆ, ಕಂಬದ ಹಿಂಬದಿಯಲ್ಲಿ ಕಪ್ಪು ಅಕ್ಷರಗಳು. ಯಾರು ಕೊಟ್ಟರು, ಯಾವಾಗ ಕೊಟ್ಟರು ಅಂತ. ಅಂಗಡಿಗಳು, ಕಂಪನಿಗಳು, ಒಬ್ಬೊಬ್ಬ ಮನುಷ್ಯರು. ಪ್ರತಿ ಕಂಬದ ಹಿಂದೆ ಒಬ್ಬರ ಹರಕೆ ಅಥವಾ ಕೃತಜ್ಞತೆ ಇದೆ. ಮೊದಲ ದಿನ ಇಳಿಯುವಾಗ ನಾನು ಸ್ಕ್ರೀನ್ ನೋಡ್ತಿದ್ದೆ.

ಆ ಸಣ್ಣ ಗುಡಿಗಳ ಹತ್ರ ಬಂದೆ. ಅಜ್ಜಿ ಇರಲಿಲ್ಲ. ಅವರ ಮೇಣದಬತ್ತಿ ಯಾರಿಗಾಗಿತ್ತೋ ಗೊತ್ತಿಲ್ಲ. ಆಸ್ಪತ್ರೆಯಲ್ಲಿರೋ ಯಾರಿಗೋ, ತೀರಿಹೋದ ಯಾರಿಗೋ. ನಮ್ಮಜ್ಜಿ ದೀಪ ಹಚ್ಚಿ ಕಣ್ಣು ಮುಚ್ಚಿದಾಗ ಯಾರೋ ಅಪರಿಚಿತ ಹುಡುಗ ಎರಡು ಹೆಜ್ಜೆ ದೂರದಿಂದ ಕ್ಲಿಕ್ ಮಾಡಿ, ಅವರೇ ಸರಿದು ಜಾಗ ಬಿಡೋ ಹಾಗೆ ಮಾಡಿದ್ರೆ ನಾನು ಸುಮ್ಮನಿರ್ತಿದ್ನಾ? ಅಲ್ಲಿ ಒಂದು ಸಲ ತಲೆ ಬಾಗಿಸಿ ಬಂದೆ. ಟ್ರೈನಲ್ಲಿ ಕೂತು ಡಿಲೀಟ್ ಮಾಡಿದೆ.

ಲೊಕೇಶನ್ ಕೇಳಿದವರಿಗೆ: ಆ ಜಾಗದ ಟ್ಯಾಗ್ ಹಾಕಲ್ಲ, ಬೇಜಾರಾಗ್ಬೇಡಿ. ಬೆಟ್ಟ ಪೂರ್ತಿ ನಡೆದ್ರೆ ನಿಮಗೇ ಸಿಗುತ್ತೆ.

ಫೋಟೋ ತೆಗೀಬೇಡಿ ಅಂತ ನಾನು ಹೇಳ್ತಿಲ್ಲ. ತೊಲೆ ತೆಗೀರಿ, ಕಲ್ಲು ತೆಗೀರಿ, ಮಳೆ ಬಿದ್ದ ಮೆಟ್ಟಿಲು ತೆಗೀರಿ. ಪ್ರಾರ್ಥನೆ ಮಾಡ್ತಿರೋರನ್ನ ಬಿಟ್ಟುಬಿಡಿ. ನಿಮ್ಮ ಗ್ಯಾಲರಿಯಲ್ಲೂ, ಯಾವ ಊರಿನದ್ದೇ ಆಗಲಿ, ಅಂಥ ಒಂದು ಫೋಟೋ ಇದ್ರೆ ಇವತ್ತು ರಾತ್ರಿ ಒಮ್ಮೆ ತೆರೆದು ನೋಡಿ. ಏನ್ ಮಾಡಿದ್ರಿ ಅಂತ ಕಮೆಂಟಲ್ಲಿ ಹೇಳಿ. ಬೈಯೋದಿದ್ರೂ ಅಲ್ಲೇ ಬೈಯಿರಿ, ಓದ್ತೀನಿ.

#ಕ್ಯೋಟೋನಡಿಗೆ #ಫುಶಿಮಿಇನಾರಿ #ನಿಧಾನವಾಗಿನಡಿ #ಕನ್ನಡಕ್ಯಾಪ್ಶನ್