ಒಂದು ಬಡಾಯಿ, ಹನ್ನೆರಡು ಅಂತಸ್ತು

ಊರಿಗೆ ಬರೆಯುವ ಕಾಗದದಲ್ಲಿ ಕೊಂಚ ಬಡಾಯಿ ಕೊಚ್ಚಿದರೆ ಯಾರ ಗಂಟು ಹೋಗುತ್ತದೆ? ಹಾಸ್ಟೆಲ್ ಸೇರಿದವರು, ಪಟ್ಟಣದಲ್ಲಿ ಕೆಲಸ ಹಿಡಿದವರು ಅಷ್ಟಿಷ್ಟು ರೈಲು ಬಿಡುವವರೇ. ಅದಕ್ಕೆ ತೆರಬೇಕಾದ ಬೆಲೆಯನ್ನು ನಕ್ಕುನಗಿಸಿ ತೋರಿಸಿದ್ದು ಹೆರಾಲ್ಡ್ ಲಾಯ್ಡ್‌ನ ಮೂಕಿಚಿತ್ರ ‘ಸೇಫ್ಟಿ ಲಾಸ್ಟ್’ (1923). ಕಟ್ಟಡದ ಗಡಿಯಾರದ ಮುಳ್ಳಿಗೆ ಜೋತುಬಿದ್ದ ಕನ್ನಡಕದ ಯುವಕನ ಚಿತ್ರವನ್ನು ನೀವೂ ನೋಡಿರಬಹುದು. ಅವನನ್ನು ಅಲ್ಲಿಗೆ ಹತ್ತಿಸಿದ್ದು ಒಂದು ಸುಳ್ಳು.

ಗ್ರೇಟ್ ಬೆಂಡ್ ಎಂಬ ಸಣ್ಣ ಊರಿನ ಹುಡುಗ. ದುಡ್ಡು ಮಾಡಿದ ಮೇಲೆ ಮದುವೆ ಎಂದು ಪ್ರೇಯಸಿಗೆ ಮಾತುಕೊಟ್ಟು ನಗರಕ್ಕೆ ಬರುತ್ತಾನೆ. ಸಿಕ್ಕಿದ್ದು ಅಂಗಡಿಯಲ್ಲಿ ಬಟ್ಟೆ ಮಾರುವ ಕೆಲಸ. ಬಾಡಿಗೆ ಕೇಳಲು ಮನೆಯೊಡತಿ ಬಂದರೆ ಗೋಡೆಗೆ ನೇತುಹಾಕಿದ ಕೋಟಿನೊಳಗೆ ಅವಿತುಕೊಳ್ಳುತ್ತಾನೆ! ಕಾಗದದಲ್ಲಿ ಮಾತ್ರ ಭಾರೀ ಏಳಿಗೆ. ಜತೆಗೆ ಹೊಟ್ಟೆ ಕಟ್ಟಿ ಕೊಂಡ ಒಡವೆ. ಅಷ್ಟು ಹಣವಿರುವ ಹುಡುಗ ಪಟ್ಟಣದಲ್ಲಿ ಒಬ್ಬನೇ ಇರಬಾರದೆಂದು ಹುಡುಗಿಯ ತಾಯಿ ಮಗಳನ್ನೇ ಕಳಿಸುತ್ತಾಳೆ. ತಾಯಂದಿರ ಲೆಕ್ಕಾಚಾರ ಎಲ್ಲ ದೇಶದಲ್ಲೂ ಒಂದೇ ಇರಬೇಕು.

ಬಂದವಳ ಮುಂದೆ ಬಡಪಾಯಿ ಮ್ಯಾನೇಜರನ ಕೋಣೆಯನ್ನೇ ತನ್ನದೆಂದು ತೋರಿಸುತ್ತಾನೆ. ಅಂಗಡಿಗೆ ಜನರನ್ನು ಸೆಳೆಯುವ ಉಪಾಯಕ್ಕೆ ಸಾವಿರ ಡಾಲರ್ ಕೊಡುತ್ತೇನೆಂಬ ಮಾತು ಅಲ್ಲೇ ಕಿವಿಗೆ ಬೀಳುತ್ತದೆ. ಗೋಡೆ ಹತ್ತುವುದರಲ್ಲಿ ನಿಸ್ಸೀಮನಾದ ಗೆಳೆಯನೊಬ್ಬನಿದ್ದಾನೆ. ಅವನು ಹನ್ನೆರಡು ಅಂತಸ್ತು ಹತ್ತಲಿ, ಹಣದಲ್ಲಿ ಇಬ್ಬರಿಗೂ ಅರ್ಧರ್ಧ. ಆದರೆ ಆ ದಿನ ಗೆಳೆಯನ ಬೆನ್ನಿಗೆ ಪೊಲೀಸ್ ಬೀಳುತ್ತಾನೆ. ‘ಒಂದು ಅಂತಸ್ತು ಹತ್ತಿರು, ಆಮೇಲೆ ನಾನು ಬರುತ್ತೇನೆ’ ಎನ್ನುತ್ತಾನೆ ಗೆಳೆಯ. ಆಮೇಲೆ ಇನ್ನೊಂದು, ಮತ್ತೊಂದು. ಒಂದು ಸುಳ್ಳಿಗೆ ಆಸರೆಯಾಗಿ ಇನ್ನೊಂದು ಹೇಳುತ್ತಾ ಹೋಗುವುದೂ ಹೀಗೇ ಅಲ್ಲವೇ? ಮಧ್ಯದಲ್ಲಿ ಪಾರಿವಾಳಗಳು ಮುತ್ತುತ್ತವೆ, ಪ್ಯಾಂಟಿನೊಳಗೆ ಇಲಿ ನುಗ್ಗುತ್ತದೆ. ಕೆಳಗೆ ಜನ ಚಪ್ಪಾಳೆ ತಟ್ಟುತ್ತಾರೆ, ಇಳಿಯಲು ದಾರಿಯಿಲ್ಲ.

ಲಾಸ್ ಏಂಜಲೀಸ್‌ನ ಕಟ್ಟಡಗಳ ತಾರಸಿಯ ಮೇಲೆ ಗೋಡೆಯ ಸೆಟ್ ಹಾಕಿ, ಕೆಳಗೆ ಹಾಸಿಗೆ ಹರಡಿ ಈ ದೃಶ್ಯಗಳನ್ನು ತೆಗೆದರು. ಕೆಲವು ಕಡೆ ಹತ್ತಿದ್ದು ಬದಲಿ ನಟರೂ ಹೌದು. ಹಾಗೆಂದು ಲಾಯ್ಡ್‌ನ ಎದೆಗಾರಿಕೆಯನ್ನು ಹಗುರಾಗಿ ನೋಡಲು ನನಗೆ ಮನಸ್ಸು ಬಾರದು. 1919ರಲ್ಲಿ, ಆಟಿಕೆಯೆಂದು ಹಿಡಿದ ಬಾಂಬ್ ಸಿಡಿದು ಬಲಗೈಯ ಹೆಬ್ಬೆರಳು, ತೋರುಬೆರಳು ಹೋಗಿದ್ದವು. ಅದನ್ನು ಕೈಗವಸಿನಲ್ಲಿ ಮುಚ್ಚಿಕೊಂಡೇ ಆತ ಗಡಿಯಾರಕ್ಕೆ ಜೋತುಬಿದ್ದ.

ಕೊನೆಗೆ ಹುಡುಗ ತುದಿ ಮುಟ್ಟುತ್ತಾನೆ, ಹುಡುಗಿ ಅಪ್ಪಿಕೊಳ್ಳುತ್ತಾಳೆ. ಮ್ಯಾನೇಜರ್ ಅವನಲ್ಲವೆಂದು ಅವಳಿಗೆ ಗೊತ್ತಾಗುವುದೇ ಇಲ್ಲ. ತಾರಸಿಯ ಹಸಿ ಡಾಂಬರಿನಲ್ಲಿ ಅವನ ಬೂಟು ಅಂಟಿ ಉಳಿಯುತ್ತದೆ, ಕಾಲುಚೀಲವೂ. ಬರಿಗಾಲಲ್ಲಿ ಅವಳ ಜತೆ ನಡೆದುಹೋಗುವ ಅವನಿಗೆ ಅದರ ಪರಿವೆಯೇ ಇಲ್ಲ.